ಮೋಡ ಸರಿಯುವವರೆಗೆ: ಸಂತೋಷ್ ಶಿವನ್ ಅವರ ಮೂರು ಕೆಲಸ

ಹೊರಾಂಗಣ ಚಿತ್ರೀಕರಣ ನಡೆಯುವ ಜಾಗದಲ್ಲಿ ಒಮ್ಮೆಯಾದರೂ ನಿಂತು ನೋಡಿದವರಿಗೆ ಇದು ಗೊತ್ತಿರುತ್ತದೆ. ನಟರು ಸಿದ್ಧ, ಮೇಕಪ್ ಸಿದ್ಧ, ಟ್ರಾಲಿ ಸಿದ್ಧ. ಅಷ್ಟರಲ್ಲಿ ಸೂರ್ಯನಿಗೆ ಅಡ್ಡಲಾಗಿ ಒಂದು ಮೋಡ ಬಂದು ನಿಲ್ಲುತ್ತದೆ. ಛಾಯಾಗ್ರಾಹಕ ತಲೆಯೆತ್ತಿ ಆಕಾಶ ನೋಡುತ್ತಾನೆ. ನಿರ್ದೇಶಕ ಛಾಯಾಗ್ರಾಹಕನ ಮುಖ ನೋಡುತ್ತಾನೆ. ನಿರ್ಮಾಪಕರ ಕಡೆಯವರು ಕೈಗಡಿಯಾರ ನೋಡುತ್ತಾರೆ. ನೂರು ಜನರ ಯೂನಿಟ್ ಸುಮ್ಮನೆ ನಿಂತಿರುತ್ತದೆ. ಊಟ, ಜನರೇಟರ್, ಕಾಲ್‌ಶೀಟ್, ವಾಹನ, ಎಲ್ಲದರ ಮೀಟರ್ ಮಾತ್ರ ಓಡುತ್ತಲೇ ಇರುತ್ತದೆ.

ಕಾಯೋಣ ಎಂದು ಕೇಳುವವನು ಒಬ್ಬ, ಸರಿ ಎಂದು ಒಪ್ಪುವವನು ಇನ್ನೊಬ್ಬ, ಅದಕ್ಕೆ ದುಡ್ಡು ಕೊಡುವವನು ಮತ್ತೊಬ್ಬ. ಛಾಯಾಗ್ರಹಣ, ನಿರ್ದೇಶನ, ನಿರ್ಮಾಣ ಎಂಬ ಮೂರು ಕೆಲಸಗಳ ಸಂಬಂಧ ನನಗೆ ಅರ್ಥವಾಗಿದ್ದು ಈ ಮೋಡದ ಮೂಲಕ. ಮೂರೂ ಕೆಲಸ ಒಬ್ಬರ ಕೈಗೇ ಬಂದರೆ ಸಿನಿಮಾ ಹೇಗೆ ಬದಲಾಗುತ್ತದೆ ಎಂದು ತಿಳಿಯಲು ನಮ್ಮ ಕಾಲದಲ್ಲಿ ಸಂತೋಷ್ ಶಿವನ್ ಅವರಿಗಿಂತ ಒಳ್ಳೆಯ ಉದಾಹರಣೆ ನನಗೆ ಕಾಣುವುದಿಲ್ಲ.

1964ರಲ್ಲಿ ತಿರುವನಂತಪುರದಲ್ಲಿ ಹುಟ್ಟಿದ ಅವರಿಗೆ ಚಿತ್ರ ತೆಗೆಯುವ ಕೆಲಸ ಮನೆಯಲ್ಲೇ ಇತ್ತು. ತಂದೆ ಶಿವನ್ ಹೆಸರಾಂತ ಸ್ಥಿರಚಿತ್ರ ಛಾಯಾಗ್ರಾಹಕರು, ಆ ಊರಿನಲ್ಲಿ ಅವರದೇ ಸ್ಟುಡಿಯೋ ಇತ್ತು. ಮುಂದೆ ಅವರು ಸಿನಿಮಾಗಳನ್ನೂ ನಿರ್ದೇಶಿಸಿದರು. ಅಣ್ಣ ಸಂಗೀತ್ ಶಿವನ್ ಕೂಡ ನಿರ್ದೇಶಕರಾದರು. ಸಂತೋಷ್ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಛಾಯಾಗ್ರಹಣ ಕಲಿತು 80ರ ದಶಕದ ನಡುವಿನಲ್ಲಿ ಮಲಯಾಳ ಚಿತ್ರಗಳಿಂದ ಕೆಲಸ ಶುರು ಮಾಡಿದರು.

ಕ್ಯಾಮೆರಾಮನ್ ಎಂದರೆ ಕ್ಯಾಮೆರಾ ಹಿಡಿದು ನಿಲ್ಲುವವರು ಎಂದು ಹಲವರು ತಿಳಿದಿದ್ದಾರೆ. ಕ್ಯಾಮೆರಾವನ್ನು ಸಹಾಯಕರೂ ಹಿಡಿಯಬಹುದು. ಛಾಯಾಗ್ರಾಹಕರು ತೀರ್ಮಾನಿಸುವುದು ಬೆಳಕು ಎಲ್ಲಿಂದ ಬರಬೇಕು, ಎಷ್ಟು ಬರಬೇಕು, ಯಾವ ಲೆನ್ಸ್ ಹಾಕಬೇಕು, ಕ್ಯಾಮೆರಾ ಎಲ್ಲಿ ನಿಲ್ಲಬೇಕು, ಯಾವಾಗ ಚಲಿಸಬೇಕು ಎಂಬುದನ್ನು. ಇದು ಕೇಳಲು ಸುಲಭ. ಆದರೆ ಸೂರ್ಯ ಗಂಟೆಗೆ 15 ಡಿಗ್ರಿ ಸರಿಯುತ್ತಾನೆ. ತೆರೆಯ ಮೇಲೆ ಮೂರು ನಿಮಿಷ ಕಾಣುವ ದೃಶ್ಯವನ್ನು ಬೆಳಿಗ್ಗೆ ಎಂಟರಿಂದ ಸಂಜೆ ನಾಲ್ಕರವರೆಗೆ ತುಂಡು ತುಂಡಾಗಿ ಚಿತ್ರೀಕರಿಸಿದರೆ ಅಷ್ಟರಲ್ಲಿ ಬೆಳಕು 120 ಡಿಗ್ರಿ ತಿರುಗಿರುತ್ತದೆ. ಎಡಕ್ಕೆ ಬಿದ್ದಿದ್ದ ನೆರಳು ಬಲಕ್ಕೆ ಬಂದಿರುತ್ತದೆ. ಪ್ರೇಕ್ಷಕರಿಗೆ ಅದು ಗೊತ್ತಾಗಬಾರದು. ಅದಕ್ಕಾಗಿ ವಿಶಾಲವಾದ ಶಾಟುಗಳನ್ನು ಬೆಳಿಗ್ಗೆಯೇ ಮುಗಿಸಿ, ನಡುಹಗಲಿನಲ್ಲಿ ಮುಖಗಳನ್ನು ಬಿಳಿ ಬಟ್ಟೆಯ ನೆರಳಿಗೆ ತಂದು, ಥರ್ಮಾಕೋಲ್ ಹಲಗೆಯಿಂದ ಬೆಳಕನ್ನು ಮೆಲ್ಲಗೆ ಮುಖಕ್ಕೆ ತಿರುಗಿಸಿ, ಇಡೀ ದಿನ ಒಂದೇ ಗಳಿಗೆಯೇನೋ ಎಂಬಂತೆ ಕಾಪಾಡಿಕೊಳ್ಳಬೇಕು.

ಗೋಧೂಳಿಯ ಹೊತ್ತಂತೂ ಇನ್ನೂ ಕಠಿಣ. ಸೂರ್ಯ ಮುಳುಗಿ, ಆಕಾಶದಲ್ಲಿ ಮಾತ್ರ ಬೆಳಕು ಉಳಿದು, ಯಾವ ವಸ್ತುವಿಗೂ ನೆರಳಿಲ್ಲದ ಆ ಹೊತ್ತನ್ನು ಎಲ್ಲ ಛಾಯಾಗ್ರಾಹಕರೂ ಬಯಸುತ್ತಾರೆ. ಉತ್ತರ ಯುರೋಪಿನಲ್ಲಿ ಸೂರ್ಯ ಓರೆಯಾಗಿ ಇಳಿಯುವುದರಿಂದ ಆ ಬೆಳಕು ಬಹಳ ಹೊತ್ತು ನಿಲ್ಲುತ್ತದೆ. ಕೇರಳ, ಕರ್ನಾಟಕದಂಥ ಕಡೆ ಸೂರ್ಯ ಹೆಚ್ಚುಕಡಿಮೆ ನೆಟ್ಟಗೆ ಬೀಳುತ್ತಾನೆ, ಸುಮಾರು 22-24 ನಿಮಿಷಗಳಲ್ಲಿ ಎಲ್ಲ ಮುಗಿಯುತ್ತದೆ. ದಿನವಿಡೀ ತಾಲೀಮು ಮಾಡಿ ಇಪ್ಪತ್ತು ನಿಮಿಷ ಕೆಲಸ ಮಾಡುವುದಕ್ಕೆ ಒಪ್ಪುವ ನಿರ್ಮಾಪಕರು ಎಷ್ಟು ಮಂದಿ ಸಿಕ್ಕಾರು?

ಶಿವನ್ ಅವರ ಕೆಲಸದಲ್ಲಿ ಮತ್ತೆ ಮತ್ತೆ ಬರುವ ಇನ್ನೊಂದು ಸಂಗತಿ ನೀರು. ಮಳೆ, ಹೊಳೆ, ಜಲಪಾತ, ಮಂಜು, ಬೆವರು. ಮಳೆಯನ್ನು ತೆರೆಯ ಮೇಲೆ ಕಾಣಿಸುವ ಗುಟ್ಟು ತಿಳಿಯಲು ಸಿನಿಮಾ ಶಾಲೆಗೆ ಹೋಗಬೇಕಿಲ್ಲ. ಮಳೆ ಬರುವ ರಾತ್ರಿ ಬೀದಿದೀಪದ ಕಡೆಗೆ ಮುಖ ಮಾಡಿ ನಿಲ್ಲಿ. ದೀಪದ ಸುತ್ತ ಪ್ರತಿ ಹನಿಯೂ ಬೆಳ್ಳಿಯ ಗೀರಿನಂತೆ ಕಾಣುತ್ತದೆ. ಈಗ ದೀಪಕ್ಕೆ ಬೆನ್ನು ಹಾಕಿ. ಅದೇ ಮಳೆ, ಅಷ್ಟೇ ಜೋರು, ಆದರೆ ಎದುರಿಗೆ ಕತ್ತಲೆ ಬಿಟ್ಟು ಏನೂ ಇಲ್ಲ. ಬೆಳಕು ಹನಿಯ ಹಿಂದಿನಿಂದ ಬಂದರೆ ಮಾತ್ರ ಮಳೆ ಕಾಣುತ್ತದೆ. ಹೀಗೆ ಹಿಂಬೆಳಕಿಗೆ ಎದುರಾಗಿ ಕ್ಯಾಮೆರಾ ಇಡುವುದರಲ್ಲಿ ಅಪಾಯವೂ ಇದೆ, ಮುಖ ಕಪ್ಪಾಗಿಬಿಡಬಹುದು. ಆ ಕಪ್ಪಿನಲ್ಲೇ ಕಣ್ಣಿಗೆ ಬೇಕಾದಷ್ಟೇ ಬೆಳಕು ಉಳಿಸುವುದು ಶಿವನ್ ಅವರ ಕೈಗುಣ. 'ರಾವಣನ್' (2010) ಚಿತ್ರವನ್ನು ನೋಡಿದವರಿಗೆ ಈ ಮಾತನ್ನು ಹೆಚ್ಚು ವಿವರಿಸಬೇಕಿಲ್ಲ.

ದೇಶಕ್ಕೆ ಅವರ ಹೆಸರು ಗೊತ್ತಾಗಿದ್ದು ಮಣಿರತ್ನಂ ಜೊತೆಗಿನ ಚಿತ್ರಗಳಿಂದ. 1991ರ 'ದಳಪತಿ'ಯಲ್ಲಿ 'ರಾಕ್ಕಮ್ಮ ಕೈಯ ತಟ್ಟು' ಹಾಡಿಗೆ ನಮ್ಮ ಮೇಲುಕೋಟೆಯ ರಾಯಗೋಪುರವೇ ರಂಗಸ್ಥಳ. ಚಾವಣಿಯಿಲ್ಲದೆ ಆಕಾಶಕ್ಕೆ ತೆರೆದುಕೊಂಡ ಆ ಎತ್ತರದ ಕಂಬಗಳನ್ನು ಎಷ್ಟೋ ಚಿತ್ರಗಳಲ್ಲಿ ನೋಡಿದ್ದೇವೆ. ಮರುವರ್ಷ 'ರೋಜಾ' ಬಂತು. ಕಥೆ ಕಾಶ್ಮೀರದ್ದು, ಆದರೆ ಆಗಿನ ಪರಿಸ್ಥಿತಿಯಲ್ಲಿ ಅಲ್ಲಿಗೆ ಹೋಗುವಂತಿರಲಿಲ್ಲ, ಹಿಮದ ದೃಶ್ಯಗಳಿಗೆ ಮನಾಲಿಯನ್ನು ಆಶ್ರಯಿಸಬೇಕಾಯಿತು. ಈ ಸಂಗತಿ ನೆನಪಿರಲಿ, ಮುಂದೆ ಇದಕ್ಕೆ ಮರಳಿ ಬರುತ್ತೇನೆ.

1997ರ 'ಇರುವರ್' ನನ್ನ ಮಟ್ಟಿಗೆ ಛಾಯಾಗ್ರಾಹಕರಾಗಿ ಅವರ ಅತ್ಯುತ್ತಮ ಕೆಲಸ. ಮೋಹನ್‌ಲಾಲ್ ಮತ್ತು ನಮ್ಮ ಪ್ರಕಾಶ್ ರೈ ಮುಖಾಮುಖಿಯಾಗುವ ದೃಶ್ಯಗಳಲ್ಲಿ ಶಾಟುಗಳನ್ನು ಕತ್ತರಿಸದೆ, ಕ್ಯಾಮೆರಾ ಇಬ್ಬರ ಸುತ್ತ ಸುತ್ತುತ್ತ ಉಳಿಯುತ್ತದೆ. ಆಗಿನದು ಫಿಲ್ಮಿನ ಕಾಲ. 35 ಎಂಎಂ ಫಿಲ್ಮ್ ನಿಮಿಷಕ್ಕೆ 90 ಅಡಿ ಓಡುತ್ತದೆ. 400 ಅಡಿಯ ಸುರುಳಿ ನಾಲ್ಕೂವರೆ ನಿಮಿಷದೊಳಗೆ ಖಾಲಿ. ಮೂರನೆಯ ನಿಮಿಷದಲ್ಲಿ ನಟರೊಬ್ಬರು ಒಂದು ಮಾತು ತಪ್ಪಿದರೆ ಅಷ್ಟೂ ನೆಗೆಟಿವ್ ನಷ್ಟ. ಮೇಲಾಗಿ ಕ್ಯಾಮೆರಾ ಸುತ್ತು ಹೊಡೆಯುವಾಗ ಕೋಣೆಯ ನಾಲ್ಕೂ ಗೋಡೆ ಕಾಣುತ್ತವೆ, ದೀಪಗಳನ್ನು ಅಡಗಿಸಲು ಜಾಗವೇ ಇರುವುದಿಲ್ಲ. ಕಿಟಕಿ, ಬಾಗಿಲುಗಳಿಂದ ಬರುವ ಬೆಳಕನ್ನೇ ನಂಬಬೇಕು. ನಟರು ಬೆಳಕಿಗೆ ಬಂದು, ಕತ್ತಲಿಗೆ ಹೋಗಿ, ಮತ್ತೆ ಬೆಳಕಿಗೆ ಬರುತ್ತಾರೆ. ಗೆಳೆತನ ಮುರಿಯುವ ಕಥೆಗೆ ಆ ಓಡಾಟವೇ ಅರ್ಧ ಸಂಭಾಷಣೆ. ಈ ಚಿತ್ರಕ್ಕೆ ಅವರಿಗೂ ಪ್ರಕಾಶ್ ರೈ ಅವರಿಗೂ ರಾಷ್ಟ್ರಪ್ರಶಸ್ತಿ ಬಂತು.

1998ರ 'ದಿಲ್ ಸೇ' ಚಿತ್ರದ ರೈಲಿನ ಹಾಡನ್ನು ಗೊತ್ತಿಲ್ಲದವರಿಲ್ಲ. ಮೆಟ್ಟುಪಾಳ್ಯದಿಂದ ಊಟಿಗೆ ಹೋಗುವ ಆ ಪುಟ್ಟ ರೈಲಿನ ಹಾದಿ 46 ಕಿಲೋಮೀಟರ್, ಅದರಲ್ಲಿ 208 ತಿರುವು, 16 ಸುರಂಗ. ತಿರುವು ಬಂದಾಗಲೆಲ್ಲ ಸೂರ್ಯ ನಟರ ಎದುರಿನಿಂದ ಬೆನ್ನಿಗೆ, ಬೆನ್ನಿನಿಂದ ಮಗ್ಗುಲಿಗೆ ಹಾರುತ್ತಾನೆ. ಇಂಥ ಕಡೆ ಬೆಳಕನ್ನು ಹತೋಟಿಗೆ ತರುವ ಮಾತೇ ಇಲ್ಲ. ಸುರಂಗದ ಕತ್ತಲೆ, ಮಂಜು, ಹೊಗೆ, ಎಲ್ಲವನ್ನೂ ಬಂದ ಹಾಗೆ ಸ್ವೀಕರಿಸಿ ಹಾಡಿನ ತಾಳಕ್ಕೆ ಸೇರಿಸಿಕೊಂಡಿದ್ದರಿಂದಲೇ ಅದು ಇಂದಿಗೂ ಹಳತಾಗಿಲ್ಲ. 'ಕಾಲಾಪಾನಿ', 'ಇರುವರ್', 'ದಿಲ್ ಸೇ' ಮೂರಕ್ಕೂ ಅವರು ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ಪಡೆದರು.

ಇಷ್ಟು ಸಿಕ್ಕಮೇಲೂ ನಿರ್ದೇಶನ ಏಕೆ ಬೇಕು?

ಎಲ್ಲರಿಗೂ ಬೇಕಾಗುವುದಿಲ್ಲ ಎಂಬುದನ್ನು ಮೊದಲು ಹೇಳಬೇಕು. ಮೈಸೂರಿನ ವಿ. ಕೆ. ಮೂರ್ತಿ ಸ್ಟುಡಿಯೋದ ಹೊರಗಿನ ಬಿಸಿಲನ್ನು ಕನ್ನಡಿಗಳಿಂದ ಒಳಕ್ಕೆ ತಿರುಗಿಸಿ 'ಕಾಗಜ್ ಕೇ ಫೂಲ್' (1959) ಚಿತ್ರದ ಆ ಬೆಳಕಿನ ಕೋಲನ್ನು ಸೃಷ್ಟಿಸಿದವರು, ಛಾಯಾಗ್ರಾಹಕರಾಗಿಯೇ ಉಳಿದು ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕರಾದರು. ಅವರಿಗೆ ಸಹಾಯಕರಾಗಿದ್ದ ಗೋವಿಂದ ನಿಹಲಾನಿ ಬೇರೆ ದಾರಿ ಹಿಡಿದರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು, ಶ್ಯಾಮ್ ಬೆನಗಲ್ ಅವರ ಚಿತ್ರಗಳಿಗೆ ಕ್ಯಾಮೆರಾ ನಡೆಸಿ, 1980ರಲ್ಲಿ 'ಆಕ್ರೋಶ್' ನಿರ್ದೇಶಿಸಿದರು. ಗುರುವೂ ಶಿಷ್ಯರೂ ಅದೇ ಪಾಲಿಟೆಕ್ನಿಕ್‌ನಲ್ಲಿ ಓದಿದವರು ಎಂಬುದನ್ನು ನಾವು ಇನ್ನಷ್ಟು ಹೆಮ್ಮೆಯಿಂದ ಹೇಳಿಕೊಳ್ಳಬೇಕು.

ನಿಹಲಾನಿಯವರನ್ನು ನಿರ್ದೇಶನಕ್ಕೆ ಎಳೆದದ್ದು ಸಮಾಜದ ಸಿಟ್ಟು. ಶಿವನ್ ಅವರನ್ನು ಎಳೆದದ್ದು ಬೇರೆಯದು ಎಂದು ನನ್ನ ಓದು. ಅವರು ನಿರ್ದೇಶಿಸಿದ ಚಿಕ್ಕ ಚಿತ್ರಗಳನ್ನು ಸಾಲಾಗಿ ಇಟ್ಟು ನೋಡಿ. 'ಹಲೋ' (1996) ಚಿತ್ರದಲ್ಲಿ ಮುಂಬಯಿಯ ಪುಟ್ಟ ಹುಡುಗಿಯೊಬ್ಬಳು ಕಳೆದುಹೋದ ನಾಯಿಮರಿಯನ್ನು ಹುಡುಕುತ್ತಾಳೆ. 'ಮಲ್ಲಿ' (1998) ಚಿತ್ರದಲ್ಲಿ ಕಾಡಿನಂಚಿನ ಬಡ ಹುಡುಗಿ ಮಾತು ಬಾರದ ಗೆಳತಿಗಾಗಿ ನೀಲಿ ಮಣಿಯನ್ನು ಹುಡುಕುತ್ತಾಳೆ. 'ತಹಾನ್' (2008) ಚಿತ್ರದಲ್ಲಿ ಕಾಶ್ಮೀರದ ಹುಡುಗ ತನ್ನಿಂದ ದೂರವಾದ ಕತ್ತೆಯನ್ನು ಹುಡುಕಿಕೊಂಡು ಹೊರಡುತ್ತಾನೆ. ಎಲ್ಲದರಲ್ಲೂ ಒಂದು ಎಳೆಯ ಜೀವ, ಒಂದು ಹುಡುಕಾಟ, ಒಂದು ನಡಿಗೆ. ಮಾತು ಕಡಿಮೆ. ನಡೆಯುವ ಮನುಷ್ಯನ ಮೇಲೆ ಬೆಳಕು ಬದಲಾಗುತ್ತ ಹೋಗುತ್ತದೆ, ಬಯಲಿನಿಂದ ಮರದ ನೆರಳಿಗೆ, ನೆರಳಿನಿಂದ ನೀರಿಗೆ. ಬೇರೆಯವರ ಚಿತ್ರದಲ್ಲಿ ಇಂಥ ಗಳಿಗೆಗಳು ಎರಡು ದೃಶ್ಯಗಳ ನಡುವಿನ ಸೇತುವೆ, ಸಂಕಲನದಲ್ಲಿ ಮೊದಲು ಕತ್ತರಿ ಬೀಳುವುದೇ ಅವಕ್ಕೆ. ಅವನ್ನೇ ಕಥೆಯ ಮೈ ಮಾಡಿಕೊಳ್ಳಬೇಕಾದರೆ ಕಥೆಯನ್ನು ಆರಿಸುವ ಹಕ್ಕೂ ತನ್ನದಾಗಬೇಕು.

'ತಹಾನ್' ಚಿತ್ರೀಕರಣಕ್ಕೆ ಅವರು ಕಾಶ್ಮೀರಕ್ಕೇ ಹೋದರು. 'ರೋಜಾ' ಬಂದು ಆಗ 16 ವರ್ಷ. ಒಂದು ಕಾಲಕ್ಕೆ ಮನಾಲಿಯ ಹಿಮವನ್ನು ಕಾಶ್ಮೀರ ಎಂದು ತೋರಿಸಬೇಕಾಗಿದ್ದ ಕಣ್ಣು ಈ ಬಾರಿ ಅಲ್ಲಿನದೇ ಹಿಮವನ್ನು ಹುಡುಗನೊಬ್ಬನ ಎತ್ತರದಿಂದ ನೋಡಿತು.

ಆದರೆ ಮೂರು ಕೆಲಸಗಳ ಯೋಚನೆ ಒಂದಾದರೆ ಏನಾಗುತ್ತದೆ ಎಂಬುದಕ್ಕೆ ಸ್ಪಷ್ಟ ಪಾಠ 1998ರ ತಮಿಳು ಚಿತ್ರ 'ದಿ ಟೆರರಿಸ್ಟ್'. ರಾಜೀವ್ ಗಾಂಧಿ ಹತ್ಯೆಯ ಹಿನ್ನೆಲೆಯಿಂದ ಹುಟ್ಟಿದ ಕಥೆ. ಆತ್ಮಾಹುತಿಗೆ ಸಿದ್ಧಳಾದ 19ರ ಹುಡುಗಿ, ಅವಳ ಹೆಸರೂ ಮಲ್ಲಿಯೇ. ಆಯೇಶಾ ಧಾರ್ಕರ್ ಆ ಪಾತ್ರದಲ್ಲಿದ್ದಾರೆ. ಬಹುಪಾಲು ಸಹಜ ಬೆಳಕು, ಚಿಕ್ಕ ತಂಡ, ಕೆಲವೇ ವಾರಗಳ ಚಿತ್ರೀಕರಣ.

ಈ ಚಿತ್ರದಲ್ಲಿ ಮತ್ತೆ ಮತ್ತೆ ತೆರೆ ತುಂಬುವುದು ಅವಳ ಮುಖ. ರೆಪ್ಪೆಯ ಮೇಲಿನ ನೀರು ಕಾಣುವಷ್ಟು ಹತ್ತಿರ. ಉದ್ದನೆಯ ಲೆನ್ಸಿನಲ್ಲಿ ಹೀಗೆ ಮುಖದ ಹತ್ತಿರಕ್ಕೆ ಹೋದಾಗ ಸ್ಪಷ್ಟವಾಗಿ ಕಾಣುವ ಆಳ ಕೆಲವೇ ಅಂಗುಲಕ್ಕೆ ಇಳಿಯುತ್ತದೆ. ಅದರ ಹಿಂದಿರುವ ಕಾಡು, ಮನೆ, ಜನ ಎಲ್ಲವೂ ಹಸಿರು, ಕಂದು ಬಣ್ಣದ ಮಸುಕು. ಈಗ ಇದನ್ನು ಮೂವರ ಕಣ್ಣಿನಿಂದ ನೋಡಿ. ಛಾಯಾಗ್ರಾಹಕನಿಗೆ ಇದು ಸಹಜ ಬೆಳಕು ಸಾಕಾಗುವ ಕ್ರಮ, ಒಂದು ಮುಖವನ್ನು ಬೆಳಗಲು ದೀಪಗಳ ಲಾರಿ ಬೇಕಿಲ್ಲ. ನಿರ್ದೇಶಕನಿಗೆ ಇದು ಕಥೆಯ ಅರ್ಥ, ಒಂದೇ ಗುರಿಯನ್ನು ಬಿಟ್ಟು ಲೋಕವೇ ಮಸುಕಾದ ಹುಡುಗಿಯ ಮನಸ್ಸು. ನಿರ್ಮಾಪಕನಿಗೆ ಇದು ಉಳಿತಾಯ, ಹಿನ್ನೆಲೆ ಕಾಣದಿದ್ದ ಮೇಲೆ ಸೆಟ್ ಏಕೆ, ಗುಂಪಿನ ಕಲಾವಿದರು ಏಕೆ? ಒಂದು ಲೆನ್ಸಿನ ಆಯ್ಕೆ ಮೂರು ಪ್ರಶ್ನೆಗಳಿಗೂ ಉತ್ತರ ಕೊಟ್ಟಿತು. ಮೂರು ಯೋಚನೆಗಳು ಬೇರೆ ಬೇರೆ ದಿಕ್ಕಿಗೆ ಎಳೆದಿದ್ದರೆ ಯಾರಾದರೂ ಒಬ್ಬರು ಚಿತ್ರದಲ್ಲಿ ಏನೂ ಕಾಣುತ್ತಿಲ್ಲವಲ್ಲ ಎಂದು ತಕರಾರು ತೆಗೆಯುತ್ತಿದ್ದರು ಎಂದೇ ನನ್ನ ನಂಬಿಕೆ. ಕೈರೋ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆದ ಈ ಚಿತ್ರವನ್ನು ಅಲ್ಲಿ ನೋಡಿ ಮೆಚ್ಚಿದ ನಟ ಜಾನ್ ಮಾಲ್ಕೊವಿಚ್ ಅಮೆರಿಕದಲ್ಲಿ ತಮ್ಮ ಹೆಸರಿನ ಬೆಂಬಲದೊಂದಿಗೆ ಬಿಡುಗಡೆಗೊಳಿಸಲು ನೆರವಾದರು.

ಇದರ ಇನ್ನೊಂದು ಬದಿಯನ್ನೂ ಹೇಳಬೇಕು. 2001ರ 'ಅಶೋಕ' ಚಿತ್ರದಲ್ಲಿ ಅವರು ನಿರ್ದೇಶಕರೂ ಹೌದು, ಛಾಯಾಗ್ರಾಹಕರೂ ಹೌದು, ಆದರೆ ಹಣ ಬೇರೆಯವರದು. ಶಾರುಖ್ ಖಾನ್, ಜೂಹಿ ಚಾವ್ಲಾ, ಅಜೀಜ್ ಮಿರ್ಜಾ ಸೇರಿ ಕಟ್ಟಿದ್ದ ಸಂಸ್ಥೆಯದು. ಸೈನ್ಯ, ಕುದುರೆ, ಹಾಡು, ದೊಡ್ಡ ತಾರೆಯರು. ಒಂದೊಂದು ದೃಶ್ಯವೂ ಕಣ್ಣಿಗೆ ಹಬ್ಬ. ಆದರೂ ಕಳಿಂಗದ ನಂತರ ಅಶೋಕನ ಎದೆ ಒಡೆಯುವ ಹೊತ್ತಿಗೆ ನನಗೆ ಅವನ ಮೇಲೆ ಮೂಡಬೇಕಾಗಿದ್ದ ಮರುಕ ಮೂಡಲಿಲ್ಲ. ರಾಯಚೂರು ಜಿಲ್ಲೆಯ ಮಸ್ಕಿಯ ಬಂಡೆಯ ಮೇಲೆ ಅಶೋಕನ ಹೆಸರನ್ನೇ ಕಂಡ ನಾಡಿನವನಾಗಿ ನನ್ನ ನಿರೀಕ್ಷೆ ತುಸು ಹೆಚ್ಚೇ ಇದ್ದಿರಬಹುದು. ಆದರೆ ಇಲ್ಲಿ ಒಂದು ಸೂಕ್ಷ್ಮವಿದೆ. ನಿರ್ದೇಶಕ ಬೇರೆಯವರಾಗಿದ್ದರೆ, ಶಾಟ್ ಚೆನ್ನಾಗಿದೆ, ಆದರೆ ಕಥೆಗೆ ಬೇಡ ಎಂದು ಛಾಯಾಗ್ರಾಹಕನಿಗೆ ಹೇಳುತ್ತಾರೆ. ಇಬ್ಬರೂ ಒಬ್ಬರೇ ಆದಾಗ ಆ ಮಾತನ್ನು ಹೇಳುವವರು ಸೆಟ್ಟಿನಲ್ಲಿ ಉಳಿಯುವುದಿಲ್ಲ. ಸಂಕಲನಕಾರರ ಮೇಜಿನವರೆಗೆ ಕಾಯಬೇಕು. 'ದಿ ಟೆರರಿಸ್ಟ್' ಚಿತ್ರದ ಸಂಕಲನ ಮಾಡಿದ ಎ. ಶ್ರೀಕರ್ ಪ್ರಸಾದ್ ಅವರಂಥವರ ಬೆಲೆ ಗೊತ್ತಾಗುವುದು ಇಲ್ಲಿಯೇ.

ನಿರ್ಮಾಪಕ ಎಂದರೆ ದುಡ್ಡಿನ ಚೀಲ ಹಿಡಿದು ಕೂತವರು ಎಂಬ ಕಲ್ಪನೆಯೂ ಪೂರ್ತಿ ಸರಿಯಲ್ಲ. ಯಾವ ಕಥೆ, ಎಷ್ಟು ದಿನ, ಯಾವ ಊರು, ಯಾವ ಋತು ಎಂಬುದನ್ನು ನಿರ್ಧರಿಸುವುದು ನಿರ್ಮಾಣ. ಮಳೆಗಾಲದಲ್ಲೇ ಚಿತ್ರೀಕರಿಸುತ್ತೇವೆ ಎಂದು ತೀರ್ಮಾನಿಸಿದರೆ ಅರ್ಧ ದಿನಗಳು ಕೈಕೊಡುತ್ತವೆ ಎಂದು ಲೆಕ್ಕ ಹಾಕಿಯೇ ಹೊರಡಬೇಕು. ಅವರ ಇಂಗ್ಲಿಷ್ ಚಿತ್ರ 'ಬಿಫೋರ್ ದ ರೇನ್ಸ್' (2007) ಇದೇ ಆತಂಕದ ಮೇಲೆ ನಿಂತಿದೆ. 1937ರ ಕೇರಳದ ಬೆಟ್ಟಗಳಲ್ಲಿ ತೋಟದ ಇಂಗ್ಲಿಷ್ ಒಡೆಯನೊಬ್ಬ ಮುಂಗಾರು ಹಿಡಿಯುವ ಮೊದಲೇ ರಸ್ತೆ ಮುಗಿಸಬೇಕು. ಸಾಲ ತಂದಿದ್ದಾನೆ, ಆಕಾಶ ಅವನ ಮಾತು ಕೇಳುವುದಿಲ್ಲ. ಚಿತ್ರ ಮಾಡುವವರ ಪಾಡನ್ನು ಬಲ್ಲವರೇ ಹೇಳಬಹುದಾದ ಕಥೆ ಎಂದು ಅದನ್ನು ನೋಡುವಾಗ ನನಗೆ ಅನಿಸಿತ್ತು.

2011ರಲ್ಲಿ ನಟ ಪೃಥ್ವಿರಾಜ್ ಮತ್ತು ಶಾಜಿ ನಟೇಶನ್ ಜೊತೆ ಸೇರಿ ಆಗಸ್ಟ್ ಸಿನಿಮಾ ಎಂಬ ಸಂಸ್ಥೆಯಿಂದ 'ಉರುಮಿ' ತಂದರು. ವಾಸ್ಕೋ ಡ ಗಾಮನನ್ನು ಕೊಲ್ಲಲು ಹೊರಟವನ ಕಥೆ. ಆ ಕಾಲಕ್ಕೆ ಮಲಯಾಳದ ಅತ್ಯಂತ ದುಬಾರಿ ಚಿತ್ರಗಳಲ್ಲಿ ಒಂದು. ತಾನೇ ಪಾಲುದಾರನಾಗಿದ್ದರಿಂದ ಮಲಯಾಳದ ಮಾರುಕಟ್ಟೆಗೆ ಮೀರಿದ ಗಾತ್ರದ ಚಿತ್ರವನ್ನು ತೆಗೆಯುವ ಧೈರ್ಯ ಸಾಧ್ಯವಾಯಿತು. ಅದೇ ಸಂಸ್ಥೆ ಅದೇ ವರ್ಷ ರಂಜಿತ್ ನಿರ್ದೇಶನದ 'ಇಂಡಿಯನ್ ರುಪಿ' ನಿರ್ಮಿಸಿತು. ಜಮೀನಿನ ದಲ್ಲಾಳಿಗಳ ಸುತ್ತಲಿನ ಈ ಸರಳ ಚಿತ್ರಕ್ಕೆ ಅತ್ಯುತ್ತಮ ಮಲಯಾಳ ಚಿತ್ರದ ರಾಷ್ಟ್ರಪ್ರಶಸ್ತಿ ಬಂತು. ಒಂದು ಕೈಯಲ್ಲಿ ಹಡಗು, ಕತ್ತಿ. ಇನ್ನೊಂದು ಕೈಯಲ್ಲಿ ಚಿಕ್ಕ ಖರ್ಚಿನ ಕಥೆ. ಸಣ್ಣ ನಿರ್ಮಾಣ ಸಂಸ್ಥೆಗಳು ಬದುಕುವುದು ಇಂಥ ಸಮತೋಲದಿಂದಲೇ.

ಎಲ್ಲವೂ ತನ್ನದೇ ಆದಾಗ ಪೆಟ್ಟೂ ತನ್ನದೇ. ಶ್ರೀಲಂಕಾ ಯುದ್ಧದಲ್ಲಿ ಸಿಲುಕಿದ ಎಳೆಯರ ಬಗ್ಗೆ ಅವರು ತೆಗೆದ 'ಇನಂ' (2014) ತಮಿಳುನಾಡಿನಲ್ಲಿ ಪ್ರತಿಭಟನೆ ಎದುರಿಸಿ ಬಿಡುಗಡೆಯಾದ ಕೆಲವೇ ದಿನಗಳಲ್ಲಿ ಚಿತ್ರಮಂದಿರಗಳಿಂದ ಹಿಂದೆ ಸರಿಯಿತು. ಬೇರೆಯವರ ಚಿತ್ರಕ್ಕೆ ಬೆಳಕು ಮಾಡಿ ಬಂದ ಛಾಯಾಗ್ರಾಹಕನಿಗೆ ಇಂಥ ದಿನದಲ್ಲಿ ಮುಂದಿನ ಕೆಲಸ ಕಾದಿರುತ್ತದೆ. ಮೂರೂ ಹೊತ್ತವರಿಗೆ ಆ ಸಮಾಧಾನವಿಲ್ಲ. ಅದೇ ವರ್ಷ ಅವರಿಗೆ ಪದ್ಮಶ್ರೀಯೂ ಬಂದಿತ್ತು.

ಇಷ್ಟೆಲ್ಲದರ ನಡುವೆ ಅವರು ಬೇರೆಯವರಿಗೆ ಕ್ಯಾಮೆರಾ ಹಿಡಿಯುವುದನ್ನು ಬಿಡಲೇ ಇಲ್ಲ. 'ಅಶೋಕ' ಆದಮೇಲೆ ಬ್ರಿಟನ್ನಿನ ನಿರ್ದೇಶಕಿ ಗುರಿಂದರ್ ಚಡ್ಢಾ ಅವರಿಗೆ, 'ಉರುಮಿ'ಯ ಮರುವರ್ಷವೇ ತಮಿಳಿನ 'ತುಪ್ಪಾಕಿ'ಗೆ, 2018ರಲ್ಲಿ ಮತ್ತೆ ಮಣಿರತ್ನಂ ಅವರಿಗೆ. ನಿರ್ದೇಶಕರಾದ ಮೇಲೆ ಹಳೆಯ ಕೆಲಸಕ್ಕೆ ಮರಳುವುದನ್ನು ಹಿಂಬಡ್ತಿ ಎಂದು ನೋಡುವವರಿದ್ದಾರೆ. ಅವರು ಹಾಗೆ ನೋಡಿಲ್ಲ. ಅವರ ಜೊತೆ ಸಹಾಯಕಿಯಾಗಿ ಕಲಿತ ಅಂಜುಲಿ ಶುಕ್ಲಾ 'ಕುಟ್ಟಿ ಸ್ರಾಂಕ್' ಚಿತ್ರಕ್ಕಾಗಿ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ಪಡೆದ ಮೊದಲ ಮಹಿಳೆಯಾದದ್ದೂ ಈ ನಿರಂತರ ಕೆಲಸದ ಫಲವೇ. ಕಲಿಸಲು ತರಗತಿ ಬೇಕಿಲ್ಲ, ಪಕ್ಕದಲ್ಲಿ ನಿಂತು ಬೆಳಕಳತೆಯ ಮೀಟರ್ ಹಿಡಿಯಲು ಒಂದು ಸೆಟ್ ಸಾಕು.

2024ರಲ್ಲಿ ಕಾನ್ ಚಿತ್ರೋತ್ಸವದಲ್ಲಿ, ಸಿನಿಮಾ ಲೆನ್ಸುಗಳಿಗೆ ಹೆಸರಾದ ಫ್ರಾನ್ಸಿನ ಆಂಜೆನ್ಯೂ ಕಂಪನಿಯವರು ಛಾಯಾಗ್ರಾಹಕರಿಗೆ ಕೊಡುವ ಪಿಯರ್ ಆಂಜೆನ್ಯೂ ಗೌರವ ಅವರಿಗೆ ಸಂದಿತು. ಭಾರತೀಯರಿಗೆ ಅದು ದೊರೆತದ್ದು ಅದೇ ಮೊದಲು. ಅದೇ ವರ್ಷದ ಕೊನೆಗೆ ತೆರೆಗೆ ಬಂದ ಮಲಯಾಳದ 3ಡಿ ಚಿತ್ರ 'ಬರೋಜ್'ಗೆ ಛಾಯಾಗ್ರಾಹಕರೂ ಅವರೇ. 3ಡಿಯಲ್ಲಿ ನಮ್ಮ ಎರಡು ಕಣ್ಣುಗಳಂತೆ ಎರಡು ಕ್ಯಾಮೆರಾ ಬೇಕು. ಅವನ್ನು ಅರೆಗನ್ನಡಿಯೊಂದರ ಆಚೀಚೆ ಇಡುವ ವ್ಯವಸ್ಥೆಯಲ್ಲಿ ಒಂದೊಂದಕ್ಕೂ ತಲುಪುವುದು ಸುಮಾರು ಅರ್ಧ ಬೆಳಕು ಮಾತ್ರ, ಆದ್ದರಿಂದ ಬೆಳಕಿನ ಹಸಿವು ಎರಡು ಪಟ್ಟು. ಆ ಚಿತ್ರದ ನಿರ್ದೇಶಕರು ಮೋಹನ್‌ಲಾಲ್, ಅದು ಅವರ ಮೊದಲ ನಿರ್ದೇಶನ. 'ಯೋಧಾ', 'ಕಾಲಾಪಾನಿ', 'ಇರುವರ್'ಗಳಲ್ಲಿ ಯಾರ ಮುಖಕ್ಕೆ ಶಿವನ್ ಬೆಳಕು ಕಾದಿಟ್ಟಿದ್ದರೋ, ಈ ಬಾರಿ ಮೋಡ ಬಂದಾಗ ಕಾಯೋಣವೇ ಬೇಡವೇ ಎಂದು ಹೇಳಬೇಕಾದವರು ಅವರೇ ಆಗಿದ್ದರು.